ರಿಟೈರ್ ಆದವರ ದುಡ್ಡು ತಡ ಆದ್ರೆ ಬಡ್ಡಿ ಕೇಳದೇನೇ ಬರಬೇಕಾ? ಪರ - ವಿರೋಧ

ಪರ
(ಬರೆದವರು ರಾಯಚೂರಿನ ಒಂದು ಖಾಸಗಿ ಹೈಸ್ಕೂಲಿನ ಗಣಿತ ಟೀಚರ್)

ಮೊದಲು ಲೆಕ್ಕ ಹೇಳಿಬಿಡ್ತೀನಿ, ಮಾತು ಆಮೇಲೆ. ನಮ್ಮಪ್ಪ ರಾಯಚೂರಿನ ಒಂದು ಹತ್ತಿ ಜಿನ್ನಿಂಗ್ ಫ್ಯಾಕ್ಟರಿಯಲ್ಲಿ 26 ವರ್ಷ ಫಿಟ್ಟರ್. 2019ರ ಮೇ 31ಕ್ಕೆ ರಿಟೈರ್ ಆದ. ಕೊನೇ ಸಂಬಳ ಬೇಸಿಕ್ಕು ಡಿಎ ಸೇರಿ 14,300. ಗ್ರಾಚ್ಯುಟಿ ಅಂದ್ರೆ ದುಡಿದ ವರ್ಷದ ಲೆಕ್ಕದಲ್ಲಿ ಮಾಲೀಕರು ಕೊನೇಗೆ ಒಟ್ಟಿಗೆ ಕೊಡೋ ದುಡ್ಡು. ಅದರ ಸೂತ್ರ ನಮ್ಮ ಎಂಟನೇ ಕ್ಲಾಸಿನ ಹುಡುಗರೂ ಮಾಡ್ತಾರೆ, ತಿಂಗಳಿಗೆ 26 ಕೆಲಸದ ದಿನ ಅಂತ ಸಂಬಳನ 26ರಿಂದ ಭಾಗಿಸು, 15ರಿಂದ ಗುಣಿಸು, ದುಡಿದ ವರ್ಷದಿಂದ ಇನ್ನೊಮ್ಮೆ ಗುಣಿಸು. ದಿನಕ್ಕೆ 550, ಹದಿನೈದು ದಿನಕ್ಕೆ 8,250, 26 ವರ್ಷಕ್ಕೆ 2,14,500 ರೂಪಾಯಿ. ಇದು ಕೈಗೆ ಬಂದಿದ್ದು 2021ರ ಸೆಪ್ಟೆಂಬರ್ ಕೊನೇಗೆ. ಅಂದ್ರೆ 28 ತಿಂಗಳು. ಆಗ ಜಾರಿಯಲ್ಲಿದ್ದ 1972ರ ಗ್ರಾಚ್ಯುಟಿ ಕಾಯ್ದೆಯ 7ನೇ ಸೆಕ್ಷನ್ ಪ್ರಕಾರ 30 ದಿನದೊಳಗೆ ಕೊಡಬೇಕು, ಕೊಡಲಿಲ್ಲ ಅಂದ್ರೆ ವರ್ಷಕ್ಕೆ ನೂರಕ್ಕೆ 10ರಂತೆ ಸರಳ ಬಡ್ಡಿ, ಅದೂ 31ನೇ ದಿನದಿಂದ ಅಲ್ಲ, ದುಡ್ಡು ಕೊಡಬೇಕಾಗಿದ್ದ ಮೊದಲನೇ ದಿನದಿಂದಾನೇ. ತಿಂಗಳಿಗೆ 1,787 ರೂಪಾಯಿ 50 ಪೈಸೆ, 28 ತಿಂಗಳಿಗೆ 50,050. ಆ 50,050 ಇವತ್ತಿಗೂ ಬಂದಿಲ್ಲ.

ಯಾಕೆ ಬಂದಿಲ್ಲ? ನಮ್ಮಪ್ಪ ಕೇಳಲಿಲ್ಲ. ಅಷ್ಟೇ ಕಾರಣ, ಬೇರೆ ಏನೂ ಇಲ್ಲ.

ಚೆಕ್ ಕೊಟ್ಟ ದಿನ ನಾನೂ ಜೊತೆಗೆ ಹೋಗಿದ್ದೆ. ಸಾಹುಕಾರರ ಟೇಬಲ್ ಮೇಲೆ ಗಾಜು, ಗಾಜಿನ ಕೆಳಗೆ ದೇವರ ಫೋಟೋ, ಪಕ್ಕದಲ್ಲಿ ಒಂದು ಕೆಜಿ ಮೈಸೂರ್ ಪಾಕಿನ ಡಬ್ಬಿ. ಕವರಲ್ಲಿ ಚೆಕ್ ಇಟ್ಟು, ಆ ಡಬ್ಬಿ ಮೇಲೆ ಕವರ್ ಇಟ್ಟು, ಎರಡನ್ನೂ ಸೇರಿಸಿ ಅಪ್ಪನ ಕೈಗೆ ಕೊಟ್ಟರು. ಮುನೀಮರು ಒಂದು ವೋಚರ್ ತಂದರು, ಅದರಲ್ಲಿ "ಪೂರ್ತಿ ಹಾಗೂ ಅಂತಿಮವಾಗಿ ಸಂದಾಯವಾಗಿದೆ, ಮುಂದೆ ಯಾವ ಬಾಕಿಯೂ ಇಲ್ಲ" ಅಂತ ಟೈಪ್ ಮಾಡಿತ್ತು, ರೆವಿನ್ಯೂ ಸ್ಟಾಂಪು ಮೊದಲೇ ಅಂಟಿಸಿ ರೆಡಿ. ನಾನು ಮೊಣಕೈಯಿಂದ ತಿವಿದೆ. ಅಪ್ಪ ನನ್ನ ಕಡೆ ನೋಡಲೇ ಇಲ್ಲ, ಸಹಿ ಹಾಕಿದ, ಸಾಹುಕಾರರಿಗೆ ಎರಡೂ ಕೈ ಮುಗಿದ. 28 ತಿಂಗಳು ತನ್ನದೇ ದುಡ್ಡನ್ನ ಇಟ್ಕೊಂಡವರಿಗೆ ಕೈ ಮುಗಿದ. ಹೊರಗೆ ಬಂದ ಮೇಲೆ ನಾನು ಬಾಯಿ ಮಾಡಿದೆ, "ಬಡ್ಡಿ ಕೇಳಬೇಕಿತ್ತಲ್ಲಪ್ಪ" ಅಂತ. "ಬಿಡವ್ವಾ, ಅವರ ಉಪ್ಪು ತಿಂದೀವಿ, ಇನ್ನ ಬಡ್ಡಿ ಕೇಳಿ ಸಣ್ಣವರಾಗೂದು ಬ್ಯಾಡ" ಅಂದ. ಸಣ್ಣವರು ಯಾರಾದರು ಅಂತ ನೀವೇ ಹೇಳಿ.

ಈಗ ಇದನ್ನೂ ಕೇಳಿ. 2019ರ ಸೆಪ್ಟೆಂಬರಲ್ಲಿ ಅವ್ವನ ಗರ್ಭಕೋಶದ ಆಪರೇಷನ್ ಆಯ್ತು. ಕೈಯಲ್ಲಿ ದುಡ್ಡಿಲ್ಲ, ಬರಬೇಕಾದ ಎರಡು ಲಕ್ಷ ಚಿಲ್ಲರೆ ಫ್ಯಾಕ್ಟರಿಯಲ್ಲಿದೆ, "ಸೀಸನ್ ಆಗಲಿ, ಹತ್ತಿ ರೇಟ್ ಬರಲಿ" ಅಂತಿದ್ದಾರೆ, ಅಪ್ಪ ಗಂಜ್ ಕಡೆ ಪರಿಚಯದವರ ಹತ್ತಿರ ಒಂದು ಲಕ್ಷ ತಂದ, ಮೂರ್ರುಪಾಯಿ ಬಡ್ಡಿ. ನೂರಕ್ಕೆ ತಿಂಗಳಿಗೆ ಮೂರು. ತಿಂಗಳಿಗೆ 3,000, ಎರಡು ವರ್ಷಕ್ಕೆ 72,000. ಗ್ರಾಚ್ಯುಟಿ ಚೆಕ್ ಪಾಸ್ ಆದ ವಾರಾನೇ ಹೋಗಿ ಅಸಲು ಕಟ್ಟಿ ಬಂದ. ಹಾಗಾಗಿ ಕಾಯ್ದೆ ಪ್ರಕಾರ ಬಡ್ಡಿ ಬಂದಿದ್ರೂ ನಮಗೆ 21,950 ಲಾಸೇ. ಬಡ್ಡಿ ಕೇಳೋರನ್ನ ದುರಾಸೆ ಅನ್ನೋರು ಈ ಕಳೆಯೋ ಲೆಕ್ಕ ಒಂದು ಸಲ ಮಾಡಿ ನೋಡಬೇಕು. ತಮಾಷೆ ಏನಂದ್ರೆ ಅದೇ ಸಾಹುಕಾರರು ರೈತರಿಗೆ ಬೀಜಕ್ಕೆ ಗೊಬ್ಬರಕ್ಕೆ ಅಂತ ಮುಂಗಡ ಕೊಡ್ತಾರೆ, ಹತ್ತಿ ತಂದು ಹಾಕಿದಾಗ ಬಡ್ಡಿ ಹಿಡ್ಕೊಂಡೇ ಪಟ್ಟಿ ಬರೀತಾರೆ, ರೈತ ಅರ್ಜಿ ಕೊಡಬೇಕಾಗಿಲ್ಲ ಅಲ್ಲಿ! ಬಡ್ಡಿ ಲೆಕ್ಕ ಹಾಕೋಕೆ ಬರಲ್ಲ ಅಂತೇನೂ ಇಲ್ಲ ಅವರಿಗೆ.

ಕಾಯ್ದೆ ಏನು ಕಡಿಮೆ ಇದೆ ಅಂತೀರಿ? ಅದೇ 7ನೇ ಸೆಕ್ಷನ್ನಿನ ಎರಡನೇ ಉಪವಿಧಿ ಓದಿ, ನೌಕರ ಅರ್ಜಿ ಕೊಡಲಿ ಬಿಡಲಿ ಗ್ರಾಚ್ಯುಟಿ ಎಷ್ಟು ಅಂತ ಲೆಕ್ಕ ಹಾಕಿ ಅವನಿಗೂ ಕಾರ್ಮಿಕ ಇಲಾಖೆಯ ಪ್ರಾಧಿಕಾರಕ್ಕೂ ಮಾಲೀಕನೇ ಬರೆದು ತಿಳಿಸಬೇಕು. ಅರ್ಜಿ ಕೊಡಲಿ ಬಿಡಲಿ! ಅಂದ್ರೆ ಅಸಲು ದುಡ್ಡಿಗೆ ಕೇಳಬೇಕಾಗಿಲ್ಲ. ಅಸಲಿಗೆ ಕೇಳಬೇಕಾಗಿಲ್ಲ ಅಂದ್ಮೇಲೆ ಬಡ್ಡಿಗೆ ಯಾಕೆ ಕೇಳಬೇಕು? ಬಡ್ಡಿ ವಿಷಯ 1987ರ ಅಕ್ಟೋಬರ್ 1ರಿಂದ ಇದೆ, ನಾನು ಹುಟ್ಟೋಕೂ ಮುಂಚೆ. ನಮ್ಮದೇ ರಾಜ್ಯದ್ದು, ಕರ್ನಾಟಕ ಆಗ್ರೋ ಇಂಡಸ್ಟ್ರೀಸ್ ಕಾರ್ಪೊರೇಷನ್ ಕೇಸು, ಹೈಕೋರ್ಟಲ್ಲಿ ಬಡ್ಡಿ ಸಿಗಲಿಲ್ಲ ಅಂತ ನೌಕರ ಸುಪ್ರೀಂ ಕೋರ್ಟಿಗೆ ಹೋದರು, 2003ರಲ್ಲಿ ಕೋರ್ಟು ಹೇಳಿತು, ಈ ಬಡ್ಡಿ ಕಡ್ಡಾಯ, ಕೊಡೋದು ಬಿಡೋದು ಯಾರ ಮರ್ಜಿನೂ ಅಲ್ಲ ಅಂತ. 10 ಪರ್ಸೆಂಟ್ ಕೊಡಿಸಿತು. ಈಗ 2025ರ ನವೆಂಬರಿಂದ ಹಳೇ ಕಾಯ್ದೆ ಹೋಗಿ ಸಾಮಾಜಿಕ ಭದ್ರತಾ ಸಂಹಿತೆ ಬಂದಿದೆ, ಅದರಲ್ಲೂ 30 ದಿನ ಇದೆ, ಬಡ್ಡಿನೂ ಇದೆ. ಕಾಗದದ ಮೇಲೆ ಎಲ್ಲಾ ಇದೆ.

ಕೇಳದಿದ್ರೆ ಏನಾಗುತ್ತೆ ಅನ್ನೋಕೆ ಕೇರಳ ಸರ್ಕಾರದ ಒಂದು ಕೇಸಿದೆ, ನಾನು ಎಲ್ಲಾ ಕಡೆ ಇದನ್ನೇ ಹೇಳ್ತೀನಿ, ಸ್ಟಾಫ್ ರೂಮಲ್ಲಿ ಬೈಸ್ಕೊಂಡೂ ಇದ್ದೀನಿ. 1973ರ ಮೇ ತಿಂಗಳಲ್ಲಿ ರಿಟೈರ್ ಆದ ಒಬ್ಬ ಸರ್ಕಾರಿ ನೌಕರರಿಗೆ ಪೆನ್ಷನ್ನು ಗ್ರಾಚ್ಯುಟಿ ಬಂದಿದ್ದು ಎರಡು ವರ್ಷದ ಮೇಲೆ ಮೂರು ತಿಂಗಳಿಗೆ, ಕಾರಣ ಏನಂದ್ರೆ ಜಿಲ್ಲಾ ಖಜಾನೆಯವರು ಕೊನೇ ಸಂಬಳದ ಸರ್ಟಿಫಿಕೇಟು, ಎಲ್‌ಪಿಸಿ ಅಂತಾರಲ್ಲ ಅದನ್ನ ಕೊಡಲಿಲ್ಲ. ಅವರು 12 ಪರ್ಸೆಂಟ್ ಕೇಳಿ ದಾವೆ ಹಾಕಿದರು, ಕೆಳಗಿನ ಕೋರ್ಟು 6 ಕೊಟ್ಟಿತು, ಪಾಪ ಸಿಕ್ಕಿದ್ದೇ ಸಾಕು ಅಂತ ಸುಮ್ಮನಾದರು. ಸರ್ಕಾರ ಸುಮ್ಮನಾಗಲಿಲ್ಲ, ಆ ಆರನ್ನೂ ಕೊಡಲ್ಲ ಅಂತ ಸುಪ್ರೀಂ ಕೋರ್ಟ್ ತನಕ ಹೋಯ್ತು. 1984ರ ಡಿಸೆಂಬರಲ್ಲಿ ತೀರ್ಪು. ಪೆನ್ಷನ್ನು ಗ್ರಾಚ್ಯುಟಿ ಸರ್ಕಾರ ಕೊಡೋ ಇನಾಮಲ್ಲ, ನೌಕರನ ಆಸ್ತಿ, ತಪ್ಪಿನಿಂದ ತಡ ಮಾಡಿದ್ರೆ ಮಾರ್ಕೆಟ್ ರೇಟಲ್ಲಿ ಬಡ್ಡಿ ದಂಡ ಕಟ್ಟಬೇಕು ಅಂತ ಬರೆದರು ನ್ಯಾಯಮೂರ್ತಿಗಳು. ಬರೆದು, ನಾವು 12 ಕೊಡೋ ಮನಸ್ಸಲ್ಲೇ ಇದ್ವಿ, ಆದ್ರೆ ಇವರು ಹೈಕೋರ್ಟಲ್ಲಿ ಆರಕ್ಕೆ ತಕರಾರು ಹಾಕಲಿಲ್ಲವಲ್ಲ, ಈಗ ಏರಿಸೋಕಾಗಲ್ಲ ಅಂದರು. ನೋಡಿ! ದೇಶದ ಅತಿ ದೊಡ್ಡ ಕೋರ್ಟಿಗೆ ಕೊಡೋ ಮನಸ್ಸಿತ್ತು, ಆ ಮನುಷ್ಯನಿಗೆ ಬರಬೇಕಾಗಿತ್ತು, ಕೇಳಲಿಲ್ಲ ಅನ್ನೋ ಒಂದೇ ಕಾರಣಕ್ಕೆ ಅರ್ಧ ಹೋಯ್ತು. ನಮ್ಮಪ್ಪನಿಗೆ ಪೂರ್ತಿ ಹೋಯ್ತು.

ಹಳೇ ಕಾಯ್ದೇಲಿ ನಮ್ಮ ಕಡೆ ಕೇಳೋದು ಅಂದ್ರೆ ಏನಾಗಿತ್ತು ಗೊತ್ತಾ, ಮೊದಲು ಮಾಲೀಕರಿಗೆ ಫಾರ್ಮ್ ಕೊಡು, ಅವರು ತಗೊಳಲ್ಲ, ರಿಜಿಸ್ಟರ್ಡ್ ಪೋಸ್ಟಲ್ಲಿ ಕಳಿಸು, ಆಮೇಲೆ ಕಾರ್ಮಿಕ ಇಲಾಖೆಗೆ ಹೋಗಿ ಫಾರ್ಮ್ ಎನ್ ಹಾಕು, 90 ದಿನದೊಳಗೆ ಹಾಕಬೇಕು, ದಾಟಿದ್ರೆ ಯಾಕೆ ತಡ ಆಯ್ತು ಅಂತ ಇನ್ನೊಂದು ಅರ್ಜಿ. ತಡ ಮಾಡಿದ್ದು ಅವರು, ತಡಕ್ಕೆ ಕ್ಷಮೆ ಕೇಳೋದು ನಾವು! ಅಲ್ಲಿ ಸೋತವರು ಮೇಲ್ಮನವಿ ಅಂತಾರೆ, ಅದರ ಮೇಲೆ ಹೈಕೋರ್ಟು, ರಾಯಚೂರಿನವರಿಗೆ ಕಲಬುರಗಿ ಪೀಠ. ಅರವತ್ತರ ಮೇಲಿನ ಫಿಟ್ಟರ್ ಒಬ್ಬ ಐವತ್ತು ಸಾವಿರಕ್ಕೆ ಇಷ್ಟು ಓಡಾಡ್ತಾನಾ. ಓಡಾಡಲ್ಲ ಅಂತ ಸಾಹುಕಾರರ ಆಡಿಟರಿಗೆ ಚೆನ್ನಾಗಿ ಗೊತ್ತು. ಆ ಆಡಿಟರ್ ಮೊದಲು ಏನು ಹೇಳಿದ್ದ ಅಂದ್ರೆ ಜಿನ್ನಿಂಗ್ ಅಂದ್ರೆ ಸೀಸನಲ್ ಕೆಲಸ, ಸೀಸನ್‌ಗೆ ಏಳು ದಿನದ ಸಂಬಳ ಅಷ್ಟೇ ಬರೋದು ಅಂತ. ಸೀಸನ್ ನೌಕರರಿಗೆ ಆ ನಿಯಮ ಇರೋದು ಹೌದು. ಆದ್ರೆ ಮಳೆಗಾಲದಲ್ಲಿ ಮಿಷನ್ ನಿಂತಾಗ ರೋಲರ್ ಬಿಚ್ಚಿ, ಸವೆದ ಚರ್ಮದ ವಾಷರ್ ತೆಗೆದು, ಹೊಸದು ಹಾಕಿ ಗ್ರೂವ್ ಹೊಡೀತಿದ್ದಿದ್ದು ಯಾರು? ಜೂನ್ ಜುಲೈ ಸಂಬಳದ ಚೀಟಿ ಅವ್ವ ಅಕ್ಕಿ ಡಬ್ಬಿ ಹಿಂದೆ ಇಟ್ಟಿದ್ದಳು, ಅದನ್ನ ತೋರಿಸಿದ ಮೇಲೆ ಬಾಯಿ ಮುಚ್ಚಿದರು. ಆ ಗಲಾಟೆಗೇ ಆರು ತಿಂಗಳು ಹೋಯ್ತು, ಆಮೇಲೆ ಕೊರೋನಾ ಅಂದರು.

ಪಿಎಫ್ ವಿಷಯದಲ್ಲಿ ನನಗೆ ತುಂಬಾ ಇಷ್ಟದ ನಿಯಮ ಒಂದಿದೆ. 1952ರ ಸ್ಕೀಮಿನ 72ನೇ ಪ್ಯಾರಾ, ಏಳನೇ ಉಪಪ್ಯಾರಾ. ಕ್ಲೈಮ್ ಕೊಟ್ಟು 20 ದಿನದಲ್ಲಿ ಇತ್ಯರ್ಥ ಆಗಬೇಕು, ಸರಿಯಾದ ಕಾರಣ ಇಲ್ಲದೇ ಆಗಲಿಲ್ಲ ಅಂದ್ರೆ 12 ಪರ್ಸೆಂಟ್ ದಂಡದ ಬಡ್ಡಿ, ಅದು ಕಮಿಷನರ್ ಸಂಬಳದಿಂದ ಕಟ್. ಸಂಬಳದಿಂದ! ಇದನ್ನ ಓದಿದಾಗ ನನಗೆ ಆದ ಖುಷಿ ಹೇಳೋಕಾಗಲ್ಲ. ಎಲ್ಲಾ ಆಫೀಸಿನ ಗೋಡೆ ಮೇಲೆ ಇದನ್ನ ದೊಡ್ಡ ಅಕ್ಷರದಲ್ಲಿ ಬರೆಸಬೇಕು, ಎಲ್ಲಾ ಇಲಾಖೆಗೂ ತರಬೇಕು. ಒಂದು ತಿಂಗಳು ಒಬ್ಬರ ಸಂಬಳದಲ್ಲಿ ಕಟ್ ಆಗಲಿ, ಮುಂದಿನ ತಿಂಗಳು ಫೈಲುಗಳಿಗೆ ಹೆಂಗೆ ಕಾಲು ಬರುತ್ತೆ ನೋಡಿ.

ಆ ಕಡೆಯವರು ಏನು ಬರೀತಾರೆ ಅಂತ ನನಗೆ ಗೊತ್ತು. ದಾಖಲೆ ಸರಿ ಇರಲ್ಲ, ಹೆಸರು ಮ್ಯಾಚ್ ಆಗಲ್ಲ, ಸಹಿ ಬಿಟ್ಟಿದೆ. 26 ವರ್ಷ ಪ್ರತೀ ತಿಂಗಳು ದುಡಿಸಿಕೊಳ್ಳುವಾಗ ಮ್ಯಾಚ್ ಆಗ್ತಿದ್ದ ಹೆಸರು ದುಡ್ಡು ಕೊಡೋ ದಿನ ಯಾಕಪ್ಪ ಮ್ಯಾಚ್ ಆಗಲ್ಲ? ನಿಜವಾಗಲೂ ನೌಕರನದೇ ತಪ್ಪಿದ್ರೆ ಗ್ರಾಚ್ಯುಟಿ ಕಾಯ್ದೇಲಿ ಅದಕ್ಕೂ ದಾರಿ ಇದೆ, ಇವನ ತಪ್ಪಿನಿಂದ ತಡ ಆಗ್ತಿದೆ ಅಂತ ಪ್ರಾಧಿಕಾರದಿಂದ ಲಿಖಿತ ಅನುಮತಿ ತಗೊಂಡ್ರೆ ಬಡ್ಡಿ ಕೊಡಬೇಕಾಗಿಲ್ಲ. ಆ ಅನುಮತಿ ತಗೊಂಡಿರೋ ಒಬ್ಬ ಮಾಲೀಕರನ್ನೂ ನಾನು ನೋಡಿಲ್ಲ. ಸುಮ್ಮನೆ ಕೂತ್ರೆ ಆಗೋ ಕೆಲಸಕ್ಕೆ ಅನುಮತಿ ಯಾಕೆ ಬೇಕು ಅವರಿಗೆ.

ನಾನು ಕೇಳ್ತಿರೋದು ಕರೆಂಟ್ ಬಿಲ್ಲಲ್ಲಿ ಇರೋ ಅಷ್ಟು. ಬಿಲ್ ತಡ ಆದ್ರೆ ಮುಂದಿನ ತಿಂಗಳ ಚೀಟೀಲಿ ಬಡ್ಡಿ ಅಂತ ಒಂದು ಸಾಲು ತಾನಾಗೇ ಪ್ರಿಂಟ್ ಆಗುತ್ತಲ್ಲ, ಹಾಗೇ ಗ್ರಾಚ್ಯುಟಿ ಆಗಲಿ ಪಿಎಫ್ ಆಗಲಿ ಪೆನ್ಷನ್ ಬಾಕಿ ಆಗಲಿ, ಚೆಕ್ ಬರೆಯೋ ದಿನ ಅಸಲಿನ ಕೆಳಗೆ ಬಡ್ಡಿ ಅಂತ ಇನ್ನೊಂದು ಸಾಲು ಇರಬೇಕು. ಆ ಸಾಲಿಲ್ಲದ ವೋಚರಿಗೆ ಹಾಕಿಸಿಕೊಂಡ ಸಹಿ ಸಹಿನೇ ಅಲ್ಲ ಅಂತ ಆಗಬೇಕು.

ಇದನ್ನ ಬರೀತೀನಿ ಅಂದಾಗ ಅಪ್ಪ ಅಂದಿದ್ದು ಒಂದೇ ಮಾತು, "ಸಾಹುಕಾರ ಹೆಸರು ಹಾಕಬ್ಯಾಡವ್ವಾ." ಹಾಕಿಲ್ಲ.

ವಿರೋಧ
(ಬರೆದವರು ಕೊಪ್ಪಳ ಜಿಲ್ಲೆಯ ಒಂದು ಸರ್ಕಾರಿ ಕಚೇರಿಯಿಂದ ನಿವೃತ್ತರಾದ ಸೂಪರಿಂಟೆಂಡೆಂಟ್)

ನನಗ ವಿರೋಧ ಬರೀರಿ ಅಂದ್ರು. ಯಾಕ್ರೀ ನನಗ ಅಂದ್ರ, ನೀವು ಪೆನ್ಷನ್ ಫೈಲ್ ನೋಡಿದವರು, ಆ ಕಡೆ ಮಾತಾಡೋರು ಬ್ಯಾರೆ ಯಾರೂ ಸಿಗವಲ್ರು ಅಂದ್ರು. ಆತು, ಬರೂಣಂತ ಕುಂತೀನಿ. ಪರ ಬರೆದವರು ಟೀಚರಮ್ಮ ಅಂತ ಕೇಳಿದೆ, ಅವರು ಬರೆದಿದ್ದ ನನಗ ತೋರಿಸಿಲ್ಲ, ಆದ್ರ ಪೈಸಾ ಸುದ್ದಾ ಬಿಡದ ಲೆಕ್ಕ ಮಾಡಿರ್ತಾರ, ಎಲ್ಲಾ ಗುಮಾಸ್ತರೂ ಕಾಲ ಮ್ಯಾಲ ಕಾಲ ಹಾಕ್ಕೊಂಡು ಚಾ ಕುಡಕೋಂತ ಕುಂತಿರ್ತಾರ ಅಂತನೂ ಬರೆದಿರ್ತಾರ. ಕುಡೀತಿದ್ವಿ, ಇಲ್ಲ ಅನ್ನೂದಿಲ್ಲ.

ಖಾಸಗಿ ಫ್ಯಾಕ್ಟರಿ, ಮಿಲ್ಲು, ಅದರ ಬಗ್ಗೆ ನಾ ಏನೂ ಹೇಳೂದಿಲ್ಲ, ಅದು ನನಗ ಸಂಬಂಧ ಇಲ್ಲ. ನಾ ಹೇಳೂದು ಸರ್ಕಾರಿ ಕಚೇರಿ ಮಾತು. ಮೊದಲ ಗೊತ್ತಿರಲಿ, 1972ರ ಗ್ರಾಚ್ಯುಟಿ ಕಾಯ್ದೆ ಸರ್ಕಾರಿ ನೌಕರರಿಗೆ ಹತ್ತತಿದ್ದಿಲ್ಲ, ನಮಗ ಕೆಸಿಎಸ್‌ಆರ್, ಅಂದ್ರ ಕರ್ನಾಟಕ ಸರ್ಕಾರಿ ನೌಕರರ ಸೇವಾ ನಿಯಮ ಬ್ಯಾರೆ ಐತಿ. ಕೋರ್ಟಿಗೆ ಹ್ವಾದ್ರ ಬಡ್ಡಿ ಕೊಡಸ್ತಾರ, ಕೊಡಸ್ಯಾರ, ಅದು ಖರೆ. ಆದ್ರ ಕೇಳದೇನ, ತಾನಾಗೇ, ಅದೂ ಯಾರದೋ ಸಂಬಳದಾಗ ಕಟ್ ಮಾಡಿ ಕೊಡೂದು ಅಂದ್ರ ಏನಾಗ್ತದ ಅಂತ ಕಚೇರಿ ಒಳಗಿದ್ದವರಿಗೆ ಗೊತ್ತು.

ಪಿಎಫ್ ನಿಯಮ ಒಂದ ಎಲ್ಲಾರೂ ಹೇಳ್ತಾರ, 20 ದಿನ, 12 ಪರ್ಸೆಂಟ್, ಕಮಿಷನರ್ ಸಂಬಳ ಕಟ್. ಪೂರ್ತಿ ಓದ್ರಿ ಅದನ್ನ. "ಎಲ್ಲಾ ರೀತಿಯಿಂದ ಪೂರ್ಣವಾದ" ಕ್ಲೈಮ್ ಅಂತ ಐತಿ ಅದರಾಗ. ಪೂರ್ಣ ಆಗೈತೋ ಇಲ್ಲೋ ಅಂತ ಹೇಳೋರು ಯಾರು? ಅದ ಟೇಬಲ್‌ನವರು. ಮತ್ತ ಕಟ್ ಮಾಡಬಹುದು ಅಂತ ಐತಿ, ಮಾಡಲೇಬೇಕು ಅಂತಿಲ್ಲ. ಹತ್ತೊಂಬತ್ತನೇ ದಿನಕ್ಕ ಗಡಿಯಾರ ನೋಡಿ ಒಂದ ಆಬ್ಜೆಕ್ಷನ್ ಹಾಕಿ ವಾಪಸ್ ಕಳಿಸಿದ್ರ ಮುಗೀತು, ಮತ್ತ ಒಂದನೇ ದಿನದಿಂದ ಎಣಿಕಿ. ಅಪ್ಪನ ಹೆಸರಿನ ಮುಂದ ಇನಿಷಿಯಲ್ ಇಲ್ಲ, ಚೆಕ್ ಮ್ಯಾಲ ಹೆಸರು ಪ್ರಿಂಟ್ ಇಲ್ಲ, ಆಧಾರ್‌ನ್ಯಾಗ ಜನ್ಮ ದಿನಾಂಕ ಬ್ಯಾರೆ. ಕಾರಣಕ್ಕ ಬರಗಾಲ ಇಲ್ಲ. ಬಡ್ಡಿ ಅಂಜಿಕಿ ಹಾಕಿದ್ರ ಫೈಲ್ ಓಡ್ತದ ಅಂತ ನೀವು ತಿಳಕೊಂಡೀರಿ, ಓಡ್ತದ, ಹೊಳ್ಳಿ ನಿಮ್ಮ ಕಡೇನ ಓಡಿ ಬರ್ತದ. ನಾ ಇದ್ದಾಗ ಒಬ್ಬ ಕೇಸ್ ವರ್ಕರ್ ಸಂಶಯ ಬಂದ್ರೂ ಧೈರ್ಯ ಮಾಡಿ ಸಹಿಗೆ ಇಡತಿದ್ದ, ಏ ಪಾಪ ಹೋಗಲಿ ಬಿಡ್ರಿ, ಆಮ್ಯಾಲ ನೋಡೂಣು ಅಂತ. ಅವನ ಸಂಬಳದಾಗ ಒಮ್ಮೆ ಕಟ್ ಮಾಡ್ರಿ, ಮುಂದ ಅವ ಎಂಟು ಕಾಗದ ಜಾಸ್ತಿ ಕೇಳ್ತಾನ. ನಾನಾದ್ರೂ ಕೇಳತಿದ್ದೆ.

ಇನ್ನ ಸುಪ್ರೀಂ ಕೋರ್ಟ್ ಅಂತಾರ. ಪ್ರತೀ ಡಿಸೆಂಬರ್ 17ಕ್ಕ ನಮ್ಮ ಪಿಂಚಣಿದಾರರ ದಿನಾಚರಣಿ ಆಗ್ತದ, 1982ರ ನಕಾರಾ ತೀರ್ಪಿನ ದಿನ ಅದು, ಪೆನ್ಷನ್ ಭಿಕ್ಷೆ ಅಲ್ಲ ಹಕ್ಕು ಅಂತ ಭಾಷಣ ಆಗ್ತದ, ನಾನೂ ಒಮ್ಮೆ ಮಾಡೀನಿ, ಶಾಲು ಹಾಕಿದ್ರು. ಅದ ಕೋರ್ಟ್ 2021ರಾಗ ಆಂಧ್ರ ಕೇಸಿನ್ಯಾಗ ಏನಂತು? ಕೊರೋನಾದಾಗ ಸಂಬಳ ಪೆನ್ಷನ್ ಅರ್ಧಮರ್ಧ ತಡ ಮಾಡಿದ್ರು, ಹೈಕೋರ್ಟ್ 12 ಪರ್ಸೆಂಟ್ ಹಾಕಿತ್ತು, ಸುಪ್ರೀಂ ಕೋರ್ಟ್ ಆರಕ್ಕ ಇಳಿಸ್ತು, ಬಡ್ಡಿ ಅಂದ್ರ ಸರ್ಕಾರಕ್ಕ ಶಿಕ್ಷೆ ಅಲ್ಲ ಅಂತು. ಬಡ್ಡಿ ಬ್ಯಾಡ ಅನ್ನಲಿಲ್ಲ, ಅದೂ ಖರೆ. ಅದನ್ನ ನಾ ಇಲ್ಲಿ ಜಾಸ್ತಿ ಹೇಳಬಾರದು.

ತಪ್ಪು ಯಾರದು ಅಂತ ಹುಡುಕೂದ ದೊಡ್ಡ ತಲಿನೋವು. ನಂದ ಹೇಳ್ತೀನಿ. ನಾ 2016ಕ್ಕ ರಿಟೈರ್ ಆದೆ, ಡಿಸಿಆರ್‌ಜಿ, ಅಂದ್ರ ನಮ್ಮ ಸರ್ಕಾರಿ ಗ್ರಾಚ್ಯುಟಿ, ಏಳು ತಿಂಗಳು ತಡ ಆತು. ಪೆನ್ಷನ್ ಲೆಕ್ಕ ನೋಡೂ ಬೆಂಗಳೂರಿನ ಏಜಿ (ಅಕೌಂಟೆಂಟ್ ಜನರಲ್) ಆಫೀಸಿನಿಂದ ಆಬ್ಜೆಕ್ಷನ್ ಬಂತು, 1994ರ ಇನ್‌ಕ್ರಿಮೆಂಟ್ ನಮೂದಿಗೆ ಸರ್ವಿಸ್ ರಿಜಿಸ್ಟರ್‌ನ್ಯಾಗ (ಎಸ್‌ಆರ್) ಅಧಿಕಾರಿ ಸಹಿ ಇಲ್ಲಂತ. ತೆಗೆದು ನೋಡಿದ್ರ ನಮೂದು ನನ್ನ ಅಕ್ಷರನ! ಆವಾಗ ಸಣ್ಣ ಆಫೀಸು, ಎಸ್ಟಾಬ್ಲಿಷ್‌ಮೆಂಟ್ ಟೇಬಲ್ ನಂದ ಇತ್ತು, ನಂದ ಎಸ್‌ಆರ್ ನಾನ ಬರೆದೀನಿ, ಬರೆದು ಸಾಹೇಬರ ಮುಂದ ಇಡೂದು ಮರತೀನಿ. ಆ ಸಾಹೇಬ್ರು ತೀರಿಕೊಂಡು ಎಷ್ಟೋ ವರ್ಷ ಆಗಿತ್ತು. ಈಗ ಈ ಬಡ್ಡಿ ಯಾರ ಸಂಬಳದಾಗ ಕಟ್ ಮಾಡ್ತೀರಿ ಹೇಳ್ರಿ. ನಮ್ಮ ಮನಿಯವರು ಏಳು ತಿಂಗಳ ಬಡ್ಡಿ ಲೆಕ್ಕ ಹಾಕಿ ಕ್ಯಾಲೆಂಡರ್ ಮ್ಯಾಲ ಬರೆದಿದ್ರು, ಕೇಳ್ರಿ ಕೇಳ್ರಿ ಅಂತ ಗಂಟು ಬಿದ್ರು. ಯಾವ ಮಾರಿ ಇಟ್ಕೊಂಡು ಕೇಳ್ಲಿ.

ಮತ್ತ ವಾಚ್‌ಮನ್ ಕಥಿ. ಇದು ಹೇಳೂದು ಬ್ಯಾಡ ಅಂತ ಇತ್ತು, ಆದ್ರ ಹೇಳದ ಇದ್ರ ನನ್ನ ವಾದ ಅರ್ಧ ಆಗ್ತದ.

1997ರಾಗ ರಾಯಚೂರಿಂದ ಕೊಪ್ಪಳ ಬ್ಯಾರೆ ಜಿಲ್ಲಾ ಆತಲ್ಲ, ಆವಾಗ ಎಲ್ಲಾ ಕಚೇರಿ ದಾಖಲಿ ಹರಿದು ಹಂಚಿದ್ರು. ನಮ್ಮ ಆಫೀಸಿನ ಎಸ್‌ಆರ್‌ಗಳು ಟ್ರಂಕಿನ್ಯಾಗ ಕೆಲವು, ಗೋಣಿ ಚೀಲದಾಗ ಕೆಲವು ಬಂದ್ವು. ಇಳಿಸಿಕೊಂಡವನು ನಾನ, ಎಣಿಸಿಕೊಂಡವನೂ ನಾನ. ಇಡಾಕ ಜಾಗ ಇಲ್ಲ, ಬಾಡಿಗಿ ಕಟ್ಟಡದ ಹಿಂದಿನ ಖೋಲ್ಯಾಗ ನೆಲಕ್ಕ ಇಟ್ವಿ, ಆಮ್ಯಾಲ ರ‍್ಯಾಕ್ ಬರ್ತಾವ ಅಂತ. ರ‍್ಯಾಕ್ ಬರೂಕ ಎರಡು ವರ್ಷ ಆತು. ಅಷ್ಟರಾಗ ಒಂದು ಚೀಲಕ್ಕ ಒರಲಿ ಹತ್ತಿತ್ತು. ಮ್ಯಾಲ ನೋಡಿದ್ರ ರಟ್ಟು ಗಟ್ಟಿ ಇತ್ತು, ಕೈ ಹಾಕಿದ್ರ ಒಳಗ ಮಣ್ಣು, ರಟ್ಟಿನ ನಡುವ ಮಣ್ಣಿನ ಬಿಲ್ಲೆ ಇದ್ದಂಗ. ಅದರಾಗ ಒಂದು ನಮ್ಮ ವಾಚ್‌ಮನ್‌ದು. 1984ರಿಂದ 91ರ ತನಕ ಹಾಳಿನ ಇಲ್ಲ. ಅಂಚಿನ್ಯಾಗ ಒಂದೊಂದ ಅಕ್ಷರ ಉಳದಿದ್ವು, ಅವೂ ನೀಲಿ ಇಂಕ ಹರಡಿ ಓದಾಕ ಬರದಂಗ.

2008ರಾಗ ಅವ ರಿಟೈರ್ ಆದಾಗ ಫೈಲ್ ನನ್ನ ಟೇಬಲ್ಲಿಗೇ ಬಂತು. ಏಳು ವರ್ಷದ ಸೇವೆ ಮಾಡ್ಯಾನ ಅಂತ ತೋರಸಾಕ ಕಾಗದ ಬೇಕಲ್ಲ. ತಾತ್ಕಾಲಿಕ ಪೆನ್ಷನ್ ಹಾಕಿಸಿದೆ, ಗ್ರಾಚ್ಯುಟಿ ನಿಂತ ಬಿಡ್ತು. ಹಳೇ ಪಗಾರ ಬಿಲ್ಲು ಹುಡಕಾಕ ಗಂಗಾವತಿ, ಸಿಂಧನೂರು, ಮಾನ್ವಿ ದಾಟಿ ರಾಯಚೂರಿಗೆ ಒಂಬತ್ತ ಸಲ ಹೋಗೀನಿ, ಟಿಎ ಬಿಲ್ ಆಗಿದ್ದು ಎರಡು ಸಲದ್ದು. ಅಲ್ಲಿ ರೆಕಾರ್ಡ್ ರೂಮಿನವ ನನ್ನ ಕಂಡ್ರ ಬಾಗಲಾ ಹಾಕ್ಕೊಂತಿದ್ದ. ಒಂಬತ್ತನೇ ಸಲಕ್ಕ 1986ರ ಒಂದು ಅಕ್ವಿಟೆನ್ಸ್ ರೋಲ್, ಪಗಾರ ತಗೊಂಡಿದ್ದಕ್ಕ ಸಹಿ ಹಾಕೂ ಪಟ್ಟಿ, ಸಿಕ್ತು, ಅವನ ಹೆಬ್ಬೆಟ್ಟಿನ ಗುರುತು ಇತ್ತು ಅದರಾಗ, ಆವಾಗ ಅವನಿಗೆ ಸಹಿ ಬರತಿದ್ದಿಲ್ಲ. ನಾ ಅಲ್ಲೇ ನೆಲದ ಮ್ಯಾಲ ಕುಂತು ಬಿಟ್ಟೆ. ಮ್ಯಾಲ ಅವನ ಸಂಗಾಟ ಇದ್ದ ಇಬ್ಬರು ಹಳೇ ನೌಕರರ ಅಫಿಡವಿಟ್ ಮಾಡಿಸಿ, ಅದನ್ನ ಮ್ಯಾಲಿನವರು ಒಪ್ಪಿ, ಏಜಿಗೆ ಹೋಗಿ ಬರೂಷ್ಟೊತ್ತಿಗೆ 14 ತಿಂಗಳು. ಈಗ ಹೇಳ್ರಿ, 14 ತಿಂಗಳ ಬಡ್ಡಿ ನನ್ನ ಪಗಾರದಾಗ ಹಿಡೀತೀರೋ, ಒರಲಿ ಪಗಾರದಾಗ ಹಿಡೀತೀರೋ? ರ‍್ಯಾಕ್ ಮಂಜೂರಿ ಮಾಡದವರದೂ ತಪ್ಪು ಅಂದ್ರ, ಅವರು ಎಲ್ಲೆಲ್ಲಿ ವರ್ಗ ಆಗಿ ಹ್ವಾದ್ರೋ.

ಆ 14 ತಿಂಗಳು ಅವ ಪ್ರತೀ ಸೋಮವಾರ ಬರತಿದ್ದ. ಒಳಗ ಬಾ ಅಂದ್ರೂ ಬರತಿದ್ದಿಲ್ಲ, ತಾನು ವರ್ಷಗಟ್ಟಲೆ ಕಾದ ಬಾಗಲದ ಹತ್ರಾನ ನಿಂದರತಿದ್ದ, ನಾ ತಲಿ ಅಲ್ಲಾಡಿಸಿದ್ರ ಹೊಳ್ಳಿ ಹೋಗತಿದ್ದ. ಗ್ರಾಚ್ಯುಟಿ ಆದ ದಿನ ಒಂದು ಚೀಲ ಪೇರಲ ಹಣ್ಣು ತಂದಿದ್ದ, ತಮ್ಮ ಹೊಲದ್ದು. ಬ್ಯಾಡೋ ಅಂದ್ರೂ ಟೇಬಲ್ ಕೆಳಗ ಇಟ್ಟು ಹ್ವಾದ. ಬಡ್ಡಿ ಮಾತು ಅವನೂ ತೆಗೀಲಿಲ್ಲ. ನಾನೂ ತೆಗೀಲಿಲ್ಲ.